ಕರಟದ ಕುದುರೆಯೂ ಕುಣಿಗಲ್ ಬೀಗರೂ

ಕಣ್ಣಾರೆ ಕಂಡದ್ದನ್ನೇ ನಂಬದ ಜನರಿದ್ದಾರೆ. ನಾನು ಕಿವಿಯಾರೆ ಕೇಳಿದ್ದನ್ನು ನಂಬುವುದು ಬಿಟ್ಟಿದ್ದೇನೆ. ಪಕ್ಕದ ಮನೆಯಾಕೆಯ ಹತ್ತಿರ ಸಕ್ಕರೆ ಕೇಳಲು ಹೋದಾಗ ಒಳಗೆ ಚಮಚದಲ್ಲಿ ಡಬ್ಬಿಯ ತಳ ಕೆರೆಯುವ ಸದ್ದು ಬಂದರೆ, ಡಬ್ಬಿ ನಿಜಕ್ಕೂ ಖಾಲಿಯೋ, ನನಗೆ ಕೇಳಿಸಲೆಂದೇ ಕೆರೆಯುತ್ತಿದ್ದಾಳೋ ಅಂತ ಅನುಮಾನ. ಇದಕ್ಕೆಲ್ಲ ಕಾರಣ ನನ್ನ ತಮ್ಮ ಶಿವರಾಜು. ಅವನು ಬೆಂಗಳೂರಿನ ಒಂದು ಸ್ಟುಡಿಯೋದಲ್ಲಿ ಸಿನಿಮಾಗಳಿಗೆ, ಈಚೀಚೆಗೆ ಟೀವಿ ನಾಟಕಗಳಿಗೂ, ಸದ್ದು ಹಾಕುತ್ತಿದ್ದ. ತೆರೆಯ ಮೇಲೆ ನಾಯಕ ಖಳನ ಕೈ ಮುರಿದರೆ ಇವನು ಮೈಕಿನ ಮುಂದೆ ನುಗ್ಗೇಕಾಯಿ ಮುರಿಯುತ್ತಿದ್ದ. ಇದು ಗೊತ್ತಾದ ಮೇಲೆ ಹೊಡೆದಾಟ ಬಂದಾಗಲೆಲ್ಲ ನನಗೊಬ್ಬಳಿಗೆ ಹುಳಿಯ ನೆನಪು. ಭಾನುವಾರ ತುಮಕೂರಿನ ನಮ್ಮ ಮನೆಗೆ ಬಂದನೆಂದರೆ ನನ್ನ ತಟ್ಟೆ, ಮೊರ ಒಂದನ್ನೂ ಬಡಿಯದೆ ಬಿಡುತ್ತಿರಲಿಲ್ಲ. ಹಿರೇಹಳ್ಳಿಯ ಫ್ಯಾಕ್ಟರಿಯ ಗದ್ದಲದಲ್ಲಿ ಕಿವಿ ಮಂದ ಮಾಡಿಕೊಂಡಿದ್ದ ನಮ್ಮ ಯಜಮಾನರಿಗೆ ಮಾತ್ರ ಅವನು ಬಹಳ ಸದ್ದಿಲ್ಲದ ಹುಡುಗ.

ಇಂಥವನಿಗೆ ಹೆಣ್ಣು ಸಿಗುವುದೇ ಕಷ್ಟವಾಗಿತ್ತು. "ಸದ್ದು ಮಾಡೋದೂ ಒಂದು ಕೆಲ್ಸವಾ?" ಎಂದು ಗುಬ್ಬಿ ಕಡೆಯವರು ಎದ್ದೇ ಹೋಗಿದ್ದರು. ಕೊನೆಗೆ ಕುಣಿಗಲ್ಲಿನ ಹುಡುಗಿ ಇವನನ್ನು ಒಪ್ಪಿದಳು, ಇವನಿಗೂ ಅವಳೇ ಬೇಕು. ಉಳಿದದ್ದು ಅವಳ ತಂದೆ ಕೆಂಪಣ್ಣನವರು ಗಂಡಿನ ಮನೆಯೆಂದು ನಮ್ಮ ಮನೆ ನೋಡಿ ಹೋಗುವುದು. ಬಂದವರೇ ಗೋಡೆ ತಟ್ಟಿದರು, ನಲ್ಲಿ ತಿರುಗಿಸಿದರು, ಆಮೇಲೆ ತಮ್ಮನ ಕಡೆ ತಿರುಗಿದರು.

"ಏನಪ್ಪಾ, ನೀನು ಮಾಡೋ ಕೆಲ್ಸ ಒಂಚೂರು ತೋರ್ಸು, ನೋಡುವಾ."

ಶಿವರಾಜು ಹುರುಪಿನಿಂದ ಎರಡು ಕರಟ ತಂದು ನೆಲದ ಮೇಲೆ ಟಕಟಕ ಕುಟ್ಟಿದ.

"ಏನಿದು?"

"ಕುದುರೆ, ಯಜಮಾನ್ರೆ."

ಹೋಗಿ ಹೋಗಿ ಕುಣಿಗಲ್ಲಿನವರಿಗೆ ಕುದುರೆ! ಅವರ ತೋಟದ ಬೇಲಿಯಾಚೆಗೇ ಕುದುರೆ ಫಾರಂ. "ಹುಲ್ಲಲ್ಲಿ ಓಡೋ ಕುದ್ರೆ ದಡದಡ ಅಂತದೆ ಕಣಪ್ಪಾ. ಇದ್ಯಾವ ಸೀಮೆ ಕುದ್ರೆ?" ಎಂದರು.

"ನಿಜವಾದ ಸದ್ದು ಹಾಕಿದ್ರೆ ಜನ ನಂಬಲ್ಲ."

"ಅಂದ್ರೆ ಸುಳ್ಳಿಗೇ ಸಂಬ್ಳ ಅನ್ನು." ಕೆಂಪಣ್ಣನವರು ಟವಲು ಕೊಡವಿ ಎದ್ದರು. "ಊರಿಗೋಗಿ ಹೇಳಿ ಕಳುಸ್ತೀವಿ ತಾಯಿ."

ಹೇಳಿ ಕಳುಸ್ತೀವಿ ಅಂದರೆ ಏನರ್ಥವೆಂದು ಸಂಬಂಧ ಹುಡುಕಿದವರಿಗೆಲ್ಲ ಗೊತ್ತು. ತಮ್ಮನ ಮುಖ ನೋಡಲಾಗಲಿಲ್ಲ. ತಿಂಡಿಯ ನೆಪದಲ್ಲಾದರೂ ಕೂರಿಸೋಣವೆಂದು ಒಳಗೋಡಿ, ಗಾಬರಿಯಲ್ಲಿ ಬಾಣಲೆ ತುಂಬ ಒಟ್ಟಿಗೇ ಬಜ್ಜಿ ಬಿಟ್ಟೆ. ಎಣ್ಣೆ ಸೊರ್ರೆಂದಿತು.

"ಥತ್, ಮಳೆ ಹಿಡ್ಕಂತಲ್ಲ!" ಎಂದು ನಡುಮನೆಯಲ್ಲಿ ಕೆಂಪಣ್ಣನವರು ಮತ್ತೆ ಕೂತರು. ಸ್ವಲ್ಪ ಹೊತ್ತಿಗೆ ಅನುಮಾನ ಬಂದು ಕಿಟಕಿಯಾಚೆ ಕೈ ಚಾಚಿದರು. ಒಂದು ಹನಿ ಇಲ್ಲ. ತಮ್ಮನನ್ನು ದುರುಗುಟ್ಟಿ ನೋಡಿದರು: "ಇದೂ ನಿಂದೇನಾ?"

"ಅಲ್ಲ ಯಜಮಾನ್ರೆ, ಅಕ್ಕ ಬಜ್ಜಿ ಕರೀತಿದಾಳೆ. ಸ್ಟುಡಿಯೋದಲ್ಲೂ ಎಷ್ಟೋ ಸಲ ಮಳೆಗೆ ನಾವು ಎಣ್ಣೇಲಿ ಏನಾದ್ರೂ ಕರಿಯೋದೇ."

ಅವರು ಒಣ ಅಂಗೈ ನೋಡಿಕೊಂಡರು. ಆಮೇಲೆ ನಗು ತಡೆಯಲಾಗಲಿಲ್ಲ. "ತೋಟದಲ್ಲೇ ಹುಟ್ಟಿ ಬೆಳೆದೋನ ಕಿವಿಗೇ ಮಳೆ ಸುರಿಸ್ಬುಟ್ರಲ್ಲ! ಬುಡು, ಈ ಕೆಲ್ಸದಾಗೆ ಏನೋ ಐತೆ. ಹುಡುಗಿ ಉಪವಾಸ ಬೀಳಾಕಿಲ್ಲ."

ಮದುವೆ ನಡೆಯಿತು. ಇವತ್ತಿಗೂ ಬೀಗರು ಸೇರಿದಾಗಲೆಲ್ಲ ನನ್ನ ಬಜ್ಜಿಯ ಮಾತು ಬರುತ್ತದೆ. ಅದು ಸೊರ್ರೆಂದ ಪರಿಯನ್ನು ಎಲ್ಲರೂ ಹೊಗಳುತ್ತಾರೆ. ರುಚಿಯ ಬಗ್ಗೆ ಮಾತ್ರ ಇದುವರೆಗೆ ಒಬ್ಬರೂ ಬಾಯಿ ಬಿಟ್ಟಿಲ್ಲ. ಆ ಗಡಿಬಿಡಿಯಲ್ಲಿ ಹಿಟ್ಟಿಗೆ ಉಪ್ಪು ಹಾಕಿದ್ದೆನೋ ಇಲ್ಲವೋ, ಕೇಳುವ ಧೈರ್ಯ ನನಗಿಲ್ಲ.