ಆಲೂಗಡ್ಡೆ ಉಪವಾಸ

"ಈ ಸಲದ ವೈಕುಂಠ ಏಕಾದಶಿಗೆ ನಾನೂ ಉಪವಾಸ ಮಾಡ್ತೀನಿ ಅತ್ತೆ" ಎಂದು ಗಿರಿರಾಜ ಊಟದ ಮೇಲೆ ತೇಗುತ್ತಾ ಹೇಳಿಬಿಟ್ಟಿದ್ದ. ಹೊಟ್ಟೆ ತುಂಬಿದ್ದಾಗ ಉಪವಾಸದ ಮಾತು ಸಲೀಸು. ಅತ್ತೆ ಯಶೋದಮ್ಮ ಆ ಸುದ್ದಿಯನ್ನು ಆರ್‌ಪಿಸಿ ಲೇಔಟಿನ ತಮ್ಮ ಬೀದಿಗೆಲ್ಲ ಹಂಚಿದ್ದರು.

ಏಕಾದಶಿ ಬಂತು. ಮಧ್ಯಾಹ್ನಕ್ಕೆ ಮುಂಚೆಯೇ ಅವನ ಹೊಟ್ಟೆ ಖಾಲಿ ಸಿಲಿಂಡರಿನಂತೆ ಸದ್ದು ಮಾಡತೊಡಗಿತು. ಕೋಣೆಯ ಬಾಗಿಲು ಹಾಕಿಕೊಂಡು, ನಾಗರಬಾವಿಯ ಹೋಟೆಲೊಂದಕ್ಕೆ ಮೊಬೈಲಿನಲ್ಲೇ ಪಟಾಟಾಸ್ ಬ್ರಾವಾಸ್ ಹೇಳಿದ. ಸ್ಪೇನ್ ದೇಶದ ತಿಂಡಿ; ಗರಿಗರಿ ಕರಿದ ಆಲೂಗಡ್ಡೆ, ಮೇಲೆ ಬೆಳ್ಳುಳ್ಳಿ ಹಾಕಿದ ಖಾರದ ಕೆಂಪು ಸಾಸು. ಗೇಟಿನ ಹತ್ತಿರ ಕೂಗಬೇಡಿ ಎಂದೂ ಬರೆದಿದ್ದ.

ತಂದುಕೊಟ್ಟ ಹನುಮೇಶ ಗದಗದ ಕಡೆಯವನು. ಅವನಿಗೆ ಪಿಸುಮಾತು ಬರುತ್ತಿರಲಿಲ್ಲ.

"ಗಿರಿರಾಜ್ ಸರ್ರ! ನಿಮ್ಮ ಪಟಾಟಾ ಬ್ರವಾಸ ಬಂದೈತ್ರೀ!"

ಗೇಟಿನಲ್ಲಿ ಯಶೋದಮ್ಮ ಪಕ್ಕದ ಮನೆಯ ಅಣ್ಣಮ್ಮನ ಜೊತೆ ಮಾತಾಡುತ್ತ ನಿಂತಿದ್ದರು. "ಪಟಾಟಾ ಅಂದ್ರೆ ಏನಪ್ಪಾ?"

"ಬಟಾಟಿ ರೀ ಅಮ್ಮಾರ. ಆಲೂಗಡ್ಡಿ."

"ಓ, ಆಲೂಗಡ್ಡೆ ಉಪವಾಸ!"

ಗಿರಿರಾಜ ಓಡಿಬರುವಷ್ಟರಲ್ಲಿ ಡಬ್ಬಿ ಅಣ್ಣಮ್ಮನ ಕೈಯಲ್ಲಿತ್ತು. "ನೋಡೇ ಯಶೋದಾ, ಉಪವಾಸದ್ದೇ ಹುಡುಕಿ ತರಿಸಿದಾನೆ! ನನ್ನ ಅಳಿಯನೂ ಇದಾನೆ, ಏಕಾದಶಿ ದಿನವೇ ಆಮ್ಲೆಟ್ ಕೇಳ್ತಾನೆ."

ನಿಜ ಹೇಳಿದರೆ ಮರ್ಯಾದೆ ಹೋಗುತ್ತದೆ, ಸುಳ್ಳು ಹೇಳಿದರೆ ಆಲೂಗಡ್ಡೆ ಹೋಗುತ್ತದೆ. "ಹೂಂ ಅತ್ತೆ, ನಿಮಗೇ ಅಂತ..." ಎಂದು ನಾಲಗೆ ತೊದಲಿತು.

"ಘಮ ಎಷ್ಟು ಚೆನ್ನಾಗಿದೆ! ಇಂಗಾ?" ಅಣ್ಣಮ್ಮ ಬಾಯಾಡಿಸುತ್ತಲೇ ಕೇಳಿದರು.

"ಇಂಗೇ ಆಂಟಿ. ಸ್ಪೇನ್ ಇಂಗು."

ಕಣ್ಣೆದುರೇ ಹೊರಟುಹೋದ ಕೊನೇ ಬಸ್ಸನ್ನು ನೋಡುವವನ ಹಾಗೆ ಅವನು ಇಬ್ಬರೂ ಸೇರಿ ಖಾಲಿ ಮಾಡಿದ ಡಬ್ಬಿಯನ್ನು ನೋಡಿದ.

ಹಸಿವು ಒಂದು ಕಡೆ, ಹಿರಿಯರ ವ್ರತ ಕೆಡಿಸಿದ ಸಂಕಟ ಇನ್ನೊಂದು ಕಡೆ. ಅಣ್ಣಮ್ಮ ಅತ್ತ ಹೋದದ್ದೇ ಅಡುಗೆಮನೆಗೆ ಬಂದು ಕೈಮುಗಿದ. "ತಪ್ಪಾಯ್ತು ಅತ್ತೆ. ಅದು ಉಪವಾಸ ಅಲ್ಲ, ಬ್ರಾವಾಸ್. ಅದರಲ್ಲಿದ್ದದ್ದು ಬೆಳ್ಳುಳ್ಳಿ."

ಯಶೋದಮ್ಮ ಬಾಗಿಲ ಕಡೆ ನೋಡಿ ದನಿ ತಗ್ಗಿಸಿದರು. "ಮೆಲ್ಲಗೆ ಅಳಿಯಂದ್ರೇ! ಇಷ್ಟು ವರ್ಷ ಒಗ್ಗರಣೆ ಹಾಕಿದವಳಿಗೆ ಬೆಳ್ಳುಳ್ಳಿ ಗೊತ್ತಾಗಲ್ವಾ? ಮೊದಲ್ನೇ ತುಂಡಿಗೇ ಗೊತ್ತಾಯ್ತು. ಅಣ್ಣಮ್ಮನಿಗೂ ಗೊತ್ತು, ಅದಕ್ಕೇ ಇಂಗು ಅಂದಿದ್ದು. ಹಸಿವು ನಿಮಗೊಬ್ಬರಿಗೇನಾ?"

ಗಿರಿರಾಜನಿಗೆ ಹೋದ ಜೀವ ಬಂದಂತಾಯಿತು. "ಹಾಗಾದ್ರೆ ಅತ್ತೆ, ನನಗೂ ಒಂದೆರಡು ದೋಸೆ..."

"ರಾಮ ರಾಮಾ!" ಯಶೋದಮ್ಮ ಕೆನ್ನೆ ಬಡಿದುಕೊಂಡರು. "ನಾವಿಬ್ಬರೂ ಕೆಟ್ಟಾಯ್ತು. ಉಳಿದಿರೋರು ನೀವೊಬ್ಬರೇ. ಮೂರೂ ಜನದ ಪುಣ್ಯ ಈಗ ನಿಮ್ಮ ಹೊಟ್ಟೆ ಮೇಲಿದೆ. ನಾಳೆ ಬೆಳಿಗ್ಗೆವರೆಗೂ ನೀರೂ ಮುಟ್ಟಬೇಡಿ!"