ಬಸವಣ್ಣೆವ್ವನ ಬಿಳಿ ಕೋಟು

ಅಮೆರಿಕದ ವಾಯವ್ಯ ಪ್ರಾಂತದ ಗೇಲಿಕ್ ಫುಟ್‌ಬಾಲ್ ಕಪ್ಪಿನ ನಿಯಮ ಹನ್ನೊಂದರ ಪ್ರಕಾರ, ಆಡುವ ಪ್ರತಿ ತಂಡವೂ ಇಬ್ಬರು ಅಂಪೈರುಗಳನ್ನು ಒದಗಿಸತಕ್ಕದ್ದು. ಒಬ್ಬರು ಕಡಿಮೆಯಾದರೆ ಆ ತಂಡ ಸೋತಂತೆ.

ಇದು ಐರ್ಲೆಂಡಿನವರ ಆಟ. ಚೆಂಡನ್ನು ಕೈಯಲ್ಲೂ ಹಿಡಿಯಬಹುದು, ಕಾಲಲ್ಲೂ ಒದೆಯಬಹುದು. ಗೋಲಿನ ಎರಡು ಕಂಬ ಮೇಲಕ್ಕೆ ಬೆಳೆದಿರುತ್ತವೆ. ಅಡ್ಡಪಟ್ಟಿಯ ಮೇಲೆ, ಕಂಬಗಳ ನಡುವೆ ಚೆಂಡು ಹಾರಿದರೆ ಒಂದು ಅಂಕ. ಕಂಬದ ಪಕ್ಕ ಬಿಳಿ ಕೋಟು ಹಾಕಿಕೊಂಡು ನಿಂತ ಅಂಪೈರು ಬಿಳಿ ಬಾವುಟ ಎತ್ತಬೇಕು. ಹೊರಗೆ ಹೋದರೆ ಎತ್ತಬಾರದು. ಹೆಚ್ಚುಕಡಿಮೆ ಅಷ್ಟೇ ಕೆಲಸ.

ಬೆಲ್ವ್ಯೂ ತಂಡದಲ್ಲಿ ಆಡುವವರು ಹದಿನೈದು ಜನ, ಪದಾಧಿಕಾರಿಗಳು ಇಪ್ಪತ್ತೊಂದು. ಐರಿಶ್ ಹುಡುಗರಿಗೆ ಆಟ ಬೇಕಿತ್ತು, ಮೀಟಿಂಗ್ ಬೇಡವಾಗಿತ್ತು. ನಮ್ಮವರಿಗೆ ಮೀಟಿಂಗ್ ಬೇಕಿತ್ತು. ಹೀಗೆ ಮೈಸೂರಿನ ಸುಬ್ಬಣ್ಣ ಕಾರ್ಯದರ್ಶಿ ಆದರು. ನನ್ನ ಅಳಿಯ ವಿನಯ ಆಡುವವರಲ್ಲಿ ಒಬ್ಬ. ನನ್ನ ಹೆಂಡತಿ ಬಸವಣ್ಣೆವ್ವ ಮೂರು ವರ್ಷ ಅಂಪೈರು ಆಗಿದ್ದಳು. ಇಳಕಲ್ ಸೀರೆಯ ಮೇಲೆ ಬಿಳಿ ಕೋಟು. ಇಂಗ್ಲಿಷ್ ಬರುತ್ತಿರಲಿಲ್ಲ. ಬಾವುಟಕ್ಕೆ ಅದು ಬೇಕಿಲ್ಲ. ಒಮ್ಮೆ ಅಳಿಯ ಒದ್ದ ಚೆಂಡು ಕಂಬದ ಹೊರಗೆ ಹೋಯಿತು. ಅವಳು ಎತ್ತಲಿಲ್ಲ. ಮನೆಗೆ ಬಂದು ಅವನ ತಾಟಿಗೆ ಎರಡು ರೊಟ್ಟಿ ಹೆಚ್ಚು ಹಾಕಿದಳು.

ಈ ಫೆಬ್ರವರಿಯಲ್ಲಿ ಅವಳು ತೀರಿಕೊಂಡಳು.

ಏಪ್ರಿಲ್‌ನಲ್ಲಿ ಸುಬ್ಬಣ್ಣ ಫೈಲು ಹಿಡಿದು ಕ್ರಾಸ್‌ರೋಡ್ಸಿನ ನಮ್ಮ ಮನೆಗೆ ಬಂದರು. ಅವಳ ಮಣ್ಣಿಗೂ ಬಂದಿದ್ದರು, ಅವರಿಗೆ ಎಲ್ಲ ಗೊತ್ತು. ಆದರೂ ಪದ್ಧತಿ ಅಂತ ಇರುತ್ತದೆ. ಸದಸ್ಯರ ಹೆಸರು ತೆಗೆಯಲು ಸದಸ್ಯರೇ ಖುದ್ದಾಗಿ ಸಹಿ ಮಾಡಬೇಕು. ಆಗದಿದ್ದರೆ, ಅವರ ಒಪ್ಪಿಗೆ ಇದೆ ಎಂದು ಗಂಡ ಸಹಿ ಮಾಡಬಹುದು.

"ಇಲ್ಲೊಂದು ಸಹಿ ಹಾಕ್ಬಿಡಿ ಯಜಮಾನ್ರೇ," ಅಂದರು.

ಪೆನ್ನು ತೆಗೆದುಕೊಂಡೆ. ಪಟ್ಟಿಯಲ್ಲಿ ಅವಳದು ಹನ್ನೆರಡನೆಯ ಹೆಸರು. ಬ್ಯಾಂಕಿನವರು ತೆಗೆದಿದ್ದರು, ವಿಮೆಯವರು ತೆಗೆದಿದ್ದರು. ಉಳಿದದ್ದು ಇದೊಂದೇ ಪಟ್ಟಿ.

"ನಲವತ್ತೆರಡು ವರ್ಷದಾಗ ಅಕೀನ್ನ ಕೇಳದ ಅಕೀ ಒಪ್ಪಿಗಿ ಐತಿ ಅಂತ ನಾ ಎಲ್ಲೂ ಹೇಳಿಲ್ಲರಿ," ಅಂದೆ.

ಸುಬ್ಬಣ್ಣ ಅದನ್ನು ಬರೆದುಕೊಂಡರು. ಆಮೇಲೆ ರಜೆಯ ಫಾರಂ ತೆಗೆದರು. ಕಾರಣ ಎಂಬಲ್ಲಿ ಪ್ರಯಾಣ, ಅನಾರೋಗ್ಯ, ಆಫೀಸು ಕೆಲಸ ಅಂತ ಮೂರೇ ಇದ್ದವು. ಪ್ರಯಾಣಕ್ಕೆ ಗುರುತು ಹಾಕಿದರು. ವಾಪಸು ಬರುವ ತಾರೀಖು ಕೇಳಿದರು.

"ಹೇಳಿ ಹೋಗಿಲ್ಲರಿ."

ಅದನ್ನೂ ಬರೆದುಕೊಂಡರು.

ತೊಡಕು ಆಮೇಲೆ ಬಂತು. ರಜೆಯಲ್ಲಿರುವವರ ಜಾಗ ಖಾಲಿ ಅಲ್ಲ. ಖಾಲಿ ಅಲ್ಲದ ಜಾಗಕ್ಕೆ ಬೇರೆಯವರನ್ನು ಹಾಕುವಂತಿಲ್ಲ. ಹಾಕದಿದ್ದರೆ ನಿಯಮ ಹನ್ನೊಂದು. ಕಮಿಟಿ ಮೂರು ಭಾನುವಾರ ಸಭೆ ಸೇರಿ ಒಂದು ಸುತ್ತೋಲೆ ಹೊರಡಿಸಿತು:

"ಅಂಪೈರರ ಕೋಟು ಮೈದಾನದಲ್ಲಿ ಹಾಜರಿದ್ದಲ್ಲಿ ಅಂಪೈರರು ಹಾಜರಿದ್ದಾರೆಂದೇ ಭಾವಿಸತಕ್ಕದ್ದು. ಶ್ರೀ ಅಡಿವೆಪ್ಪ ಇವರನ್ನು ಕೋಟಿನ ಉಸ್ತುವಾರಿಗೆ ನೇಮಿಸಲಾಗಿದೆ. ಸದರಿಯವರು ಬಾವುಟ ಎತ್ತಬಹುದು. ತೀರ್ಮಾನ ಮಾತ್ರ ಕೋಟಿನದು."

ಅಡಿವೆಪ್ಪ ಅಂದರೆ ನಾನು. ಸುತ್ತೋಲೆಯನ್ನು ಕಪ್ ನಡೆಸುವವರಿಗೆ ಕಳಿಸಿದರು. ಅವರು ಧನ್ಯವಾದ ಎಂದು ಮೇಲ್ ಹಾಕಿದರು. ಅದನ್ನು ಒಪ್ಪಿಗೆ ಎಂದು ಫೈಲು ಮಾಡಲಾಯಿತು.

ಮಡಚುವ ಕುರ್ಚಿಗೆ ಕೋಟು ತೊಡಿಸಿ ಕಂಬದ ಪಕ್ಕ ಇಡುತ್ತಿದ್ದೆ. ಹೀಗೆ ಮೂರು ಪಂದ್ಯ ಗೆದ್ದೆವು. ಯಾರೂ ತಕರಾರು ಮಾಡಲಿಲ್ಲ.

ಫೈನಲ್ ಎವರೆಟ್‌ನಲ್ಲಿ, ಪೋರ್ಟ್‌ಲ್ಯಾಂಡಿನ ತಂಡದ ಮೇಲೆ. ಕೊನೆಯ ನಿಮಿಷ, ಅಂಕ ಸಮ ಸಮ. ವಿನಯ ಒದ್ದ. ಚೆಂಡು ಕೋಟು, ನಾನು ನಿಂತ ಕಂಬದ ತುದಿಗೆ ಅಂಟಿದಂತೆ ಹಾದುಹೋಯಿತು. ಆಚೆ ಕಂಬದ ಹತ್ತಿರ ಪೋರ್ಟ್‌ಲ್ಯಾಂಡಿನ ಅಂಪೈರು ನಿಂತಿದ್ದ. ಹೊಸಬ. ಅವನು ಕೋಟಿನ ಮುಖ ನೋಡಿದ. ಅವನಿಗಿಂತ ಅದು ಸೀನಿಯರ್. ರೆಫರಿಯೂ ಕೋಟನ್ನೇ ನೋಡಿದ.

ಸುಬ್ಬಣ್ಣ ಓಡಿ ಬಂದರು. ಏದುಸಿರು ಬಿಡುತ್ತಾ ನನ್ನ ಕಿವಿಯ ಹತ್ತಿರ ಬಗ್ಗಿದರು.

"ಬಾವುಟ ಎತ್ತಿ ಯಜಮಾನ್ರೇ. ಕಪ್ ನಮ್ದೇ. ಎತ್ತದೆ ಸೋತ್ರೆ ಕಮಿಟಿ ಸುಮ್ನಿರಲ್ಲ. ಅಮ್ಮಾವ್ರ ಹೆಸರು ತೆಗೀತಾರೆ, ನನ್ ಕೈಲೇನೂ ಇರಲ್ಲ."

ಕುರ್ಚಿಯ ಕಡೆ ನೋಡಿದೆ. ಕೋಟಿನ ತೋಳಿನಲ್ಲಿ, ಅವಳು ಹಣೆ ಒರೆಸಿಕೊಂಡ ಕಡೆ, ವಿಭೂತಿಯ ಕಲೆ ಇನ್ನೂ ಇತ್ತು.

"ಹೊರಗ ಹೋತಂತರಿ," ಅಂದೆ.

"ಕೇಳಿದ್ರಾ?"

"ಕೇಳದ ಹೇಳ್ತೇನೇನ್ರಿ?"

ಬಾವುಟ ಕೆಳಗೇ ಉಳಿಯಿತು. ಹೆಚ್ಚುವರಿ ಆಟದಲ್ಲಿ ಸೋತೆವು. ಸಂಜೆ ನಾನು ವಿನಯನ ತಾಟಿಗೆ ಎರಡು ರೊಟ್ಟಿ ಹೆಚ್ಚು ಹಾಕಿದೆ. ಅಂಗಡಿಯ ರೊಟ್ಟಿ. ಅವನು ಎರಡನ್ನೂ ತಿಂದ.

ಕಮಿಟಿ ಸುಮ್ಮನಿರಲಿಲ್ಲ. ನೋಟಿಸು ಬರೆಯುವ ಕೆಲಸ ಕಾರ್ಯದರ್ಶಿಯದು. ಸುಬ್ಬಣ್ಣನವರೇ ಬರೆದು, ಎಲ್ಲರ ಸಹಿ ಹಾಕಿಸಿ, ತಾವೇ ಮನೆಗೆ ತಂದುಕೊಟ್ಟರು. ನಾನು ಎರಡು ಸಲ ನಿಧಾನಕ್ಕೆ ಓದಿದೆ.

"ಅಂಪೈರರಾದ ಶ್ರೀಮತಿ ಬಸವಣ್ಣೆವ್ವ ಇವರ ಹೆಸರನ್ನು ಪಟ್ಟಿಯಿಂದ ಏಕೆ ತೆಗೆಯಬಾರದು ಎಂಬುದಕ್ಕೆ, ರಜೆಯಿಂದ ಮರಳಿದ ಹದಿನೈದು ದಿನದೊಳಗೆ ಸದರಿಯವರು ಖುದ್ದಾಗಿ ಉತ್ತರಿಸತಕ್ಕದ್ದು. ಉತ್ತರ ಬರುವವರೆಗೆ ಹೆಸರನ್ನು ಯಾರೂ ಮುಟ್ಟತಕ್ಕದ್ದಲ್ಲ."

ತಲೆ ಎತ್ತಿದೆ. ಸುಬ್ಬಣ್ಣ ಕಿಟಕಿಯ ಆಚೆ ಪಾರ್ಕಿಂಗ್ ಲಾಟು ನೋಡುತ್ತಿದ್ದರು. ಚಹಾ ಮಾಡಿಕೊಟ್ಟೆ. ಸಕ್ಕರೆ ಹೆಚ್ಚಾಗಿತ್ತು, ಕುಡಿದರು.

ಮೊನ್ನೆ ಅವರ ಫೋನು ಬಂತು. ಮುಂದಿನ ವರ್ಷಕ್ಕೆ ಎಲ್ಲ ಅಂಪೈರುಗಳಿಗೂ ಹೊಸ ಕೋಟು ತರಿಸುತ್ತಿದ್ದಾರಂತೆ.

"ಅಮ್ಮಾವ್ರ ಅಳತೆ ಅದೇನಾ ಯಜಮಾನ್ರೇ?"

"ಅದ ಐತ್ರಿ," ಅಂದೆ.

ಬರೆದುಕೊಂಡರು.