ಅಜ್ಜಿನೀರಿನ ಕೊನೆಯ ಬಾಟಲಿ

ಲತೇಶ್ ಮುಚ್ಚಳವನ್ನು ಅರ್ಧ ಸುತ್ತು ಹೆಚ್ಚು ಬಿಗಿದದ್ದೇ ತಪ್ಪಾಯಿತು.

ಬಿಗಿದದ್ದು ಗುರುವಾರ ಸಂಜೆ, ವಾಸನೆ ಹೊರಗೆ ಹೋಗಬಾರದೆಂದು. ಶುಕ್ರವಾರ ಬೆಳಿಗ್ಗೆ ದೋಹಾದ ಅಲ್ ಸದ್ದ್‌ನ ನಾಲ್ಕನೇ ಮಹಡಿಯ ಅಡುಗೆಮನೆಗೆ ಬಂದು ನೋಡಿದರೆ ಬಾಟಲಿಯ ತಗಡಿನ ಮುಚ್ಚಳ ಪೂರಿಯ ಹಾಗೆ ಉಬ್ಬಿ ಕೂತಿತ್ತು. ಅಂಚಿನಿಂದ ‘ಸುಂಯ್’ ಎಂದು ಸಣ್ಣ ಸದ್ದು ಬೇರೆ.

ಒಳಗಿದ್ದದ್ದು ಅಜ್ಜಿನೀರು. ಕಾಡುಮಾವಿನ ಮಿಡಿ, ಸೂಜಿಮೆಣಸು, ಸಾಸಿವೆ ಎಲ್ಲ ಉಪ್ಪುನೀರಿನಲ್ಲಿ ತಿಂಗಳುಗಟ್ಟಲೆ ಹುಳಿತು ಆಗುವಂಥದ್ದು. ಲತೇಶನ ಮನೆಯವರು ಪ್ರತಿ ವರ್ಷ ಹೊಸ ಭರಣಿಗೆ ಹಳೆಯದರಿಂದ ಒಂದು ಸೌಟು ಬೆರೆಸುತ್ತಿದ್ದರು. ಹಾಗೆ ಬೆರೆಸುತ್ತ ನಾಲ್ಕು ತಲೆಮಾರು ದಾಟಿತ್ತು. ತೀರಿಕೊಂಡವರಿಗೆ ಎಲೆ ಇಟ್ಟು ಬಡಿಸುವಾಗ ಮೊದಲು ಬೀಳಬೇಕಾದದ್ದು ಇದರ ಒಂದು ಚಮಚ. ಇಲ್ಲದಿದ್ದರೆ ಹಿರಿಯರು ಎಲೆಯ ತನಕ ಬಂದು ಹಾಗೇ ತಿರುಗಿ ಹೋಗುತ್ತಾರೆ ಎಂದು ಅಮ್ಮ ಪೂವಕ್ಕ ಹೇಳುತ್ತಿದ್ದಳು.

ಆ ಪೂವಕ್ಕ ಹೋಗಿ ಇವತ್ತಿಗೆ ಒಂದು ವರ್ಷ. ಊರಿಗೆ ಹೋಗಲು ರಜೆ ಸಿಕ್ಕಿರಲಿಲ್ಲ. ದೋಹಾದಲ್ಲೇ ಎಲೆ ಇಡುವುದೆಂದು ಲತೇಶ್ ನಿಶ್ಚಯಿಸಿದ್ದ. ಅಮ್ಮನ ಕೈಯ ಅಜ್ಜಿನೀರು ಲೋಕದಲ್ಲಿ ಉಳಿದಿದ್ದದ್ದು ಇದೊಂದು ಬಾಟಲಿ. ವರ್ಷವಿಡೀ ಅವನು ಒಂದು ಹನಿ ನಾಲಿಗೆಗೆ ಹಚ್ಚಿರಲಿಲ್ಲ. ಆಫೀಸಿನಿಂದ ಬಂದು, ಷೂ ಕೂಡ ಬಿಚ್ಚದೆ, ಮುಚ್ಚಳ ತೆಗೆದು ಮೂಸುವುದು, ಸ್ವಲ್ಪ ಹೊತ್ತು ಕಣ್ಣು ಮುಚ್ಚಿ ನಿಲ್ಲುವುದು, ಮತ್ತೆ ಮುಚ್ಚುವುದು. ಅಷ್ಟೇ.

“ಒಂಚೂರು ಸಡಿಲ ಮಾಡಿ, ಗಾಳಿ ಹೋಗ್ತದೆ,” ಎಂದಳು ಹೆಂಡತಿ ಅಮಿತಾ.

ಅಷ್ಟರಲ್ಲಿ ಬಾಗಿಲು ಬಡಿದ ಸದ್ದು. ಪಕ್ಕದ ಫ್ಲ್ಯಾಟಿನ ಕೊನ್ಸೆಪ್ಟಾ ಆಂಟಿ ಮೂಗಿಗೆ ಸೆರಗು ಹಿಡಿದು ನಿಂತಿದ್ದರು. “ಅಮಿತಾ, ಗ್ಯಾಸ್ ಲೀಕ್ ಆಗ್ತಾ ಉಂಟಾ?”

ಅವರ ಹಿಂದೆಯೇ ಗಂಡ ಇಗ್ನೇಶಿಯಸ್. ಮೂವತ್ತು ವರ್ಷ ಒಂದು ಕಟ್ಟಡ ಕಂಪನಿಯಲ್ಲಿ ಸೇಫ್ಟಿ ಆಫೀಸರ್ ಆಗಿದ್ದವರು. ಬರ್ತ್‌ಡೇ ಕೇಕಿನ ಮೇಲೆ ಮೇಣದಬತ್ತಿ ಹಚ್ಚಿದರೂ ಬೆಂಕಿ ಆರಿಸುವ ಸಿಲಿಂಡರ್ ಎಲ್ಲಿದೆ ಎಂದು ಹುಡುಕುವವರು. ಉಬ್ಬಿದ ಮುಚ್ಚಳ ಕಂಡದ್ದೇ ಅವರ ಮುಖಕ್ಕೆ ಹತ್ತು ವರ್ಷ ಕಡಿಮೆಯಾದ ಕಳೆ ಬಂತು.

“ಯಾರೂ ಮುಟ್ಟಬೇಡಿ! ಇದು ಬಾಟಲಿ ಅಲ್ಲ ಮಾರಾಯ, ಪ್ರೆಶರ್ ವೆಸೆಲ್!”

“ಅಂಕಲ್, ಇದು ಉಪ್ಪಿನಕಾಯಿ ನೀರು.”

“ಸಿಡಿಯುವಾಗ ಅದು ಉಪ್ಪಿನಕಾಯಿಯಾ ಪೆಟ್ರೋಲಾ ಅಂತ ಯಾರೂ ಕೇಳುದಿಲ್ಲ. ಯಲ್ಲಾ, ನಡೀರಿ ಕೆಳಗೆ! ಓಪನ್ ಏರಿಯಾಕ್ಕೆ!”

ಮೆಟ್ಟಿಲಿಳಿದು ಮೆರವಣಿಗೆ ಹೊರಟಿತು. ಮುಂದೆ ಹೆಲ್ಮೆಟ್ ಹಾಕಿದ ಇಗ್ನೇಶಿಯಸ್, ನಡುವೆ ಬಾಟಲಿಯನ್ನು ಎಳೆಮಗುವಿನಂತೆ ಟವೆಲಿನಲ್ಲಿ ಸುತ್ತಿ ಎದೆಗವಚಿಕೊಂಡ ಲತೇಶ್, ಹಿಂದೆ “ಸಡಿಲ ಮಾಡಿದ್ರೆ ಸಾಕಿತ್ತು” ಎನ್ನುತ್ತಲೇ ಬಂದ ಅಮಿತಾ. ಕಟ್ಟಡದ ಹಿಂದಿನ ಮರಳು ನೆಲ ಜುಲೈ ಬಿಸಿಲಿಗೆ ಕಾದ ಓಡಿನಂತಿತ್ತು. ಬಾಟಲಿಯನ್ನು ಅಲ್ಲಿ ಇಡಿಸಿ, ಎಲ್ಲರನ್ನೂ ಹತ್ತು ಹೆಜ್ಜೆ ಹಿಂದೆ ಕಳಿಸಿ, ಯಾವ ವಿಧಾನದಿಂದ ತೆರೆಯಬೇಕೆಂದು ಇಗ್ನೇಶಿಯಸ್ ವಿವರಿಸತೊಡಗಿದರು. ಅವರು ಎರಡನೇ ವಿಧಾನಕ್ಕೆ ಬರುವಷ್ಟರಲ್ಲಿ ಬಾಟಲಿಗೆ ತಾಳ್ಮೆ ಮುಗಿಯಿತು.

‘ಠಪ್!’

ಮುಚ್ಚಳ ಯಾರದೋ ಕಾರಿನ ಮೇಲೆ ಹಾರಿತು. ಕೆಂಪು ನೀರು ಕಾರಂಜಿಯಾಗಿ ಚಿಮ್ಮಿ ಲತೇಶನ ಅಂಗಿಗೂ ಸಿಡಿಯಿತು, ಬಾಟಲಿ ಉರುಳಿತು. ಲತೇಶ್ ಓಡಿ ತಲುಪುವಷ್ಟರಲ್ಲಿ ಮರಳು ಎಲ್ಲವನ್ನೂ ಕುಡಿದಿತ್ತು. ಮಾವಿನ ಮಿಡಿಗೆ ಬಾಯಿ ಹಾಕಿದ ಎರಡು ಬೆಕ್ಕುಗಳು ಮೆಣಸಿನ ಖಾರಕ್ಕೆ ಸೀನುತ್ತ ಓಡಿದವು.

“ಯಾರಿಗೂ ಗಾಯ ಇಲ್ಲ. ಸಕ್ಸಸ್!” ಎಂದರು ಇಗ್ನೇಶಿಯಸ್.

ಬಾಟಲಿಯ ತಳದಲ್ಲಿ ಎರಡು ಹನಿಯಾದರೂ ಉಳಿದಿತ್ತು. ಲತೇಶ್ ಮರಳಿನಲ್ಲಿ ಮಂಡಿಯೂರಿ ಕೂತಿದ್ದಾಗ, ಪಾಪ, ಸಹಾಯವಾಗಲೆಂದು ಕೊನ್ಸೆಪ್ಟಾ ಆಂಟಿ ಅದನ್ನು ಮೇಲೆ ಕೊಂಡುಹೋಗಿ ಸೋಪು ಹಾಕಿ ತಿಕ್ಕಿ ತೊಳೆದು ತಂದುಕೊಟ್ಟರು.

ಲತೇಶನಿಗೆ ಸಿಟ್ಟೂ ಬರಲಿಲ್ಲ. ಅಮ್ಮ ಎಲೆಯ ತನಕ ಬಂದು, ಒಮ್ಮೆ ನೋಡಿ, ಏನೂ ಹೇಳದೆ ಹೊರಟುಹೋಗುವುದು ಕಣ್ಣಿಗೆ ಕಟ್ಟಿತು. ಬದುಕಿದ್ದಾಗಲೂ ಅವಳು ಹಾಗೆಯೇ. ಬೇಕಾದದ್ದು ಸಿಗದಿದ್ದರೆ ಕೇಳುತ್ತಿರಲಿಲ್ಲ.

ಊರಿನಲ್ಲಿದ್ದ ತಮ್ಮ ವಿನಯ್‌ಗೆ ಫೋನ್ ಮಾಡಿದ. “ಭರಣಿಯಲ್ಲಿ ಏನಾದ್ರೂ ಉಳಿದಿದೆಯಾ?”

“ಅದರಲ್ಲಿ ಈಗ ಬೆಲ್ಲ ಉಂಟು ಅಣ್ಣಾ. ಅಮ್ಮ ಹೋದ ಮೇಲೆ ಯಾರು ಹಾಕ್ತಾರೆ?” ಎಂದ ವಿನಯ್. ಸ್ವರ ತಗ್ಗಿಸಿ, “ಒಂದು ವಿಷಯ ಹೇಳ್ತೇನೆ, ಅಪ್ಪನಿಗೆ ಹೇಳ್ಬೇಡ. ಆರು ವರ್ಷದ ಹಿಂದೆ ಅಮ್ಮನ ಭರಣಿಗೆ ಬೂಸ್ಟು ಹಿಡಿದಿತ್ತು. ಅಮ್ಮ ಎರಡು ದಿನ ಉಣ್ಲಿಲ್ಲ. ಕಡೆಗೆ ನಮ್ಮ ಆಚೆಮನೆ ಝುಲೈಖಮ್ಮನ ಹತ್ರದಿಂದ ಒಂದು ಸೌಟು ತಂದು ಹೊಸದು ಹಾಕಿದ್ದು.”

“ಅವರ ಮನೆಯಲ್ಲಿ ಎಲ್ಲಿಂದ ಬಂತು?”

“ಅವರ ಮದುವೆಗೆ ನಮ್ಮ ಅಜ್ಜಿಯೇ ಕೊಟ್ಟದ್ದಂತೆ! ಝುಲೈಖಮ್ಮ ಈಗ ನಿನ್ನ ಕತಾರಿನಲ್ಲೇ ಇದ್ದಾರಲ್ಲ ಮಾರಾಯ. ಮಗ ಹಾಶಿಮ್‌ನ ಜೊತೆ, ಉಮ್ಮ್ ಸಲಾಲ್‌ನಲ್ಲಿ. ಅಡ್ರೆಸ್ ಕಳಿಸ್ತೇನೆ.”

ಲತೇಶ್ ಅಂಗಿ ಕೂಡ ಬದಲಿಸದೆ ಕಾರು ಹತ್ತಿದ. ಜುಮ್ಮಾ ನಮಾಜಿನ ಹೊತ್ತು, ರಸ್ತೆ ಖಾಲಿ. ದಾರಿಯುದ್ದಕ್ಕೂ ಅಂಗಿಯಿಂದ ಸಾಸಿವೆಯ ವಾಸನೆ ಬರುತ್ತಿತ್ತು. ಏಸಿಗೆ ಅದು ಹಾರಿಹೋದೀತೆಂದು ಅವನು ಏಸಿಯನ್ನೇ ಆರಿಸಿ ಬೆವರುತ್ತ ಓಡಿಸಿದ.

ಬಾಗಿಲು ತೆರೆದ ಝುಲೈಖಮ್ಮ ಒಂದು ಗಳಿಗೆ ಅವನನ್ನೇ ನೋಡಿದರು. ಆಮೇಲೆ ಮೂಗು ಅರಳಿತು.

“ಅಲ್ಲಾ! ಪೂವಕ್ಕನ ಮಗ ಅಲ್ವಾ ನೀನು? ನಿನ್ನ ಅಂಗಿಯಲ್ಲಿ ಅಜ್ಜಿನೀರಿನ ವಾಸನೆ ಉಂಟು!”

“ಹೌದು ಝುಲೈಖಮ್ಮಾ, ಅದೇ ವಿಷಯಕ್ಕೆ...”

“ಪೂವಕ್ಕ ಹೋದಾಗ ನಾನು ಇಲ್ಲಿದ್ದೆ ಮಗಾ, ಮುಖ ಕೂಡ ನೋಡ್ಲಿಕ್ಕೆ ಆಗ್ಲಿಲ್ಲ.” ಅವರು ಕಣ್ಣೊರೆಸಿಕೊಂಡರು. “ಒಂದು ನಿಮಿಷ ನಿಲ್ಲು.”

ಒಳಗೆ ಹೋದವರು ದುಪಟ್ಟಾ ಹೊದ್ದು, ಕೈಯಲ್ಲೊಂದು ಗಾಜಿನ ಬಾಟಲಿ ಹಿಡಿದು ಹೊರಗೆ ಬಂದರು. ಲತೇಶ್ ಎರಡೂ ಕೈ ಚಾಚಿದ. ಬಾಟಲಿ ಖಾಲಿಯಾಗಿತ್ತು.

“ಊರಿನ ಮನೆಗೆ ಬೀಗ ಹಾಕಿ ಬರುವಾಗ ಒಂದು ಬಾಟಲಿ ತಂದಿದ್ದೆ. ವಿಮಾನದಲ್ಲಿ ಒಡೆದು ನನ್ನ ಹೊಸ ಬಟ್ಟೆಗೆಲ್ಲ ಚೆಲ್ಲಿತು. ಅವತ್ತಿಂದ ಗಂಜಿ ಗಂಟಲಲ್ಲಿ ಇಳಿಯುದಿಲ್ಲ. ಪೂವಕ್ಕನ ಬಾಟಲಿ ನಿನ್ನ ಹತ್ರ ಉಂಟಂತ ಕೇಳಿ ಮೂರು ತಿಂಗಳಿಂದ ಹಾಶಿಮ್‌ಗೆ ಹೇಳ್ತಾ ಇದ್ದೇನೆ, ನನ್ನನ್ನು ಅಲ್ ಸದ್ದ್‌ಗೆ ಕರ್ಕೊಂಡು ಹೋಗು ಅಂತ. ಒಂದು ಚಮಚ ಸಾಕು ಮಗಾ. ಅಷ್ಟಿದ್ರೆ ಮತ್ತೆ ಹಾಕ್ತೇನೆ. ನಡಿ, ನಿನ್ನ ಕಾರಲ್ಲೇ ಬರ್ತೇನೆ.”

ಝುಲೈಖಮ್ಮ ಆಗಲೇ ಕಾರಿನಲ್ಲಿ ಕೂತು, ಬಾಟಲಿಯನ್ನು ಮಡಿಲಲ್ಲಿಟ್ಟುಕೊಂಡು, ಗಾಜನ್ನು ದುಪಟ್ಟಾದ ತುದಿಯಿಂದ ಒರೆಸುತ್ತಿದ್ದರು.

ಫೋನ್ ರಿಂಗಾಯಿತು. ಅಮಿತಾ.

“ಅನ್ನ ತಣ್ಣಗಾಗ್ತಾ ಉಂಟು. ಝುಲೈಖಮ್ಮ ಸಿಕ್ಕಿದ್ರಾ?”

“ಸಿಕ್ಕಿದ್ರು,” ಎಂದ ಲತೇಶ್ ಕಾರಿನಿಂದ ದೂರ ಸರಿದು. “ಬಾಟಲಿ ಹಿಡ್ಕೊಂಡು ನನ್ನ ಜೊತೆ ಹೊರಟಿದ್ದಾರೆ.”

“ಅಬ್ಬಾ! ದೇವರು ದೊಡ್ಡವನು. ಕೊಡ್ಲಿಕ್ಕೆ ಅವರೇ ಬರ್ತಿದ್ದಾರಾ?”

“ಅಲ್ಲ,” ಎಂದ ಲತೇಶ್. “ತೆಗೊಂಡು ಹೋಗ್ಲಿಕ್ಕೆ.”